ಹಾವೇರಿ ಕಡೆಯ ಹೋರಿ ಹಬ್ಬ: ಗೆಲ್ಲೋದು ಹುಡುಗರಾ, ಹೋರಿನಾ?

ಹಾವೇರಿ ಜಿಲ್ಲೆಯ ಒಂದು ಸಣ್ಣ ಊರಿಗೆ ಬಂದಿದ್ದೇನೆ. ದೀಪಾವಳಿ ಬಂತೆಂದರೆ ಇಲ್ಲಿ, ಆ ಕಡೆ ಶಿಕಾರಿಪುರ, ಸೊರಬದಲ್ಲಿ ಹೋರಿ ಹಬ್ಬ ಶುರು. ಒಂದೂರಿನದು ಮುಗಿದರೆ ಇನ್ನೊಂದೂರು, ಹೀಗೆ ತಿಂಗಳುಗಟ್ಟಲೆ ನಡೆಯುತ್ತದೆ.

ಇದು ನಮ್ಮ ರೋಡಿಯೋ ಅಂತ ಕೆಲವರು ಹೇಳುವುದುಂಟು. ಅಮೆರಿಕದ ರೋಡಿಯೋದಲ್ಲಿ ಸವಾರ ಒಂದೇ ಕೈಯಲ್ಲಿ ಹಗ್ಗ ಹಿಡಿದು 8 ಸೆಕೆಂಡ್ ಹೋರಿಯ ಮೇಲೆ ಕೂತಿರಬೇಕು. ಇಲ್ಲಿ ಯಾರೂ ಮೇಲೆ ಕೂರುವುದಿಲ್ಲ. ಒಣಕೊಬ್ಬರಿ ಸರ ಕಟ್ಟಿದ ಹೋರಿಯನ್ನು ಅಖಾಡಕ್ಕೆ ಬಿಡುತ್ತಾರೆ, ಎರಡೂ ಕಡೆ ನಿಂತ ಹುಡುಗರು ಅದು ಓಡುವಾಗಲೇ ಮೈಮೇಲೆ ಬಿದ್ದು ಕೊಬ್ಬರಿ ಕೀಳಬೇಕು, ಯಾರ ಕೈಗೂ ಸಿಗದೆ ಪಾರಾಯಿತು ಅಂದರೆ ಗೆದ್ದಿದ್ದು ಹೋರಿ. ಬಹುಮಾನವೂ ಅದರ ಹೆಸರಿಗೇ! ನನಗೆ ಈ ಆಟ ಹಿಡಿಸಿದ್ದೇ ಇದಕ್ಕೆ.

ಈ ಹೋರಿಯನ್ನು ಸ್ವಲ್ಪ ಹತ್ತಿರದಿಂದ ನೋಡಿ. ಕೊಂಬಿಗೆ ಬಣ್ಣ, ಅದರ ಮೇಲೆ ಆಳೆತ್ತರಕ್ಕೆ ಬಲೂನು, ರಿಬ್ಬನ್ನು. ಬೆನ್ನಿಗೆ ಝೂಲ, ಕಾಲಿಗೆ ಗೆಜ್ಜೆ. ಯಜಮಾನರು ಕೊಬ್ಬರಿ ಸರದ ಗಂಟನ್ನು ಒಂದೊಂದಾಗಿ ಎಳೆದು ನೋಡುತ್ತಿದ್ದಾರೆ, ಇನ್ನೊಂದು ಕೈ ಗಂಗೆದೊಗಲು ಸವರುತ್ತಲೇ ಇದೆ. ಅದು ಕಣ್ಣು ಅರ್ಧ ಮುಚ್ಚಿ ನಿಂತುಬಿಟ್ಟಿದೆ. ಇನ್ನು ಸ್ವಲ್ಪ ಹೊತ್ತಿಗೆ ಇದೇ ಹೋರಿ ಅಷ್ಟು ಜನರ ನಡುವೆ ನುಗ್ಗುತ್ತದೆ ಅಂದರೆ ನಂಬೋಕಾಗಲ್ಲ, ಅಲ್ವಾ?

ಅಖಾಡದ ಓಟ ಕೆಲವೇ ಕ್ಷಣ. ಅದರ ಹಿಂದೆ ವರ್ಷವಿಡೀ ಸಾಕಿದ ಕೆಲಸ ಇದೆ. ಹುರಳಿ, ಹತ್ತಿಕಾಳು ತಿನ್ನಿಸುತ್ತಾರೆ, ದಮ್ಮು ಬರಲಿ ಅಂತ ಕೆರೆಯಲ್ಲಿ ಈಜಿಸುತ್ತಾರೆ. ಒಳ್ಳೆ ಹೆಸರು ಮಾಡಿದ ಹೋರಿಗೆ ಊರೂರಲ್ಲಿ ಅಭಿಮಾನಿಗಳು, ಅದರ ಫೋಟೋ ಹಾಕಿದ ಬ್ಯಾನರುಗಳು.

2014ರಲ್ಲಿ ಸುಪ್ರೀಂ ಕೋರ್ಟ್ ಜಲ್ಲಿಕಟ್ಟು, ಎತ್ತಿನ ಓಟಗಳನ್ನು ನಿಲ್ಲಿಸಿತ್ತು. 2017ರಲ್ಲಿ ಕರ್ನಾಟಕ ಕಂಬಳ ಮತ್ತು ಎತ್ತಿನ ಓಟಕ್ಕಾಗಿ ಕಾನೂನಿಗೆ ತಿದ್ದುಪಡಿ ತಂದಿತು, 2023ರ ಮೇ ತಿಂಗಳಲ್ಲಿ ಕೋರ್ಟ್ ಅದನ್ನು ಒಪ್ಪಿತು. ಹಿಂಸೆ ಮಾಡಬಾರದು ಅನ್ನುವುದು ಅದರಲ್ಲೇ ಇರುವ ಷರತ್ತು. ಹೋರಿಗೆ ನೋವು ಮಾಡಿ ಓಡಿಸುವವರು ಹಬ್ಬದಿಂದ ದೂರ ಇರಬೇಕು, ಇದರಲ್ಲಿ ಎರಡು ಮಾತಿಲ್ಲ.

ನನಗೆ ಜಾಸ್ತಿ ಭಯ ನೋಡಲು ಬಂದವರದ್ದು. ಹಿಡಿಯುವ ಹುಡುಗರಿಗೆ ಹೋರಿಯ ನಡೆ ಗೊತ್ತು. ದಾರಿ ಬದಿ ಸುಮ್ನೆ ಮೊಬೈಲ್ ಹಿಡಿದು ನಿಂತವರಿಗೆ ಗೊತ್ತಿರುವುದಿಲ್ಲ, ತಿವಿತಕ್ಕೆ ಸಿಕ್ಕಿ ಜೀವ ಕಳೆದುಕೊಂಡವರೂ ಇದ್ದಾರೆ. ಹಬ್ಬ ಮಾಡುವವರು ದಯವಿಟ್ಟು ಅಖಾಡದ ಎರಡೂ ಕಡೆ ಗಟ್ಟಿ ಬೇಲಿ ಹಾಕಿಸಿ, ಆಂಬುಲೆನ್ಸ್ ನಿಲ್ಲಿಸಿ. ನೀವು ನೋಡಲು ಬಂದರೆ ಮಾಳಿಗೆ ಹತ್ತಿ ನೋಡಿ. ಕೊನೆಯ ಹೋರಿ ಹೋಗುವ ತನಕ ಕೆಳಗಿಳಿಯಬೇಡಿ.