ಜಾಕಿ ಕೂಗನ್ ದುಡಿದ ದುಡ್ಡು

ಕೇಳುಗರಿಗೆ ನಮಸ್ಕಾರ. ಮಕ್ಕಳನ್ನು ಸೀರಿಯಲ್ ಆಡಿಷನ್ನಿಗೆ, ರಿಯಾಲಿಟಿ ಶೋಗೆ ಕರೆದುಕೊಂಡು ಹೋಗುವ ಅಪ್ಪ ಅಮ್ಮಂದಿರು ರೇಡಿಯೊ ಸ್ವಲ್ಪ ಜೋರು ಮಾಡಿಕೊಳ್ಳಿ. ಇವತ್ತು ನಾನು ಹೇಳುವುದು ಒಂದೇ ಮಾತು: ಮಗು ದುಡಿದ ದುಡ್ಡು ಮಗುವಿನದು.

ಚಾರ್ಲಿ ಚಾಪ್ಲಿನ್ನರ ‘ದಿ ಕಿಡ್’ ಸಿನಿಮಾ ನೋಡಿದವರಿಗೆ ಆ ಹುಡುಗ ಮರೆಯುವುದಿಲ್ಲ. ದೊಗಲೆ ಪ್ಯಾಂಟು, ಓರೆ ಟೋಪಿ. ಕಲ್ಲು ಬೀರಿ ಕಿಟಕಿ ಗಾಜು ಒಡೆದು ಓಡುತ್ತಾನೆ. ಹಿಂದೆಯೇ ಬೆನ್ನಿಗೆ ಗಾಜು ಹೊತ್ತ ಚಾಪ್ಲಿನ್, ಏನೂ ಗೊತ್ತಿಲ್ಲದವರ ಹಾಗೆ ರಿಪೇರಿಗೆ ಹಾಜರು! ಎಷ್ಟು ಸಲ ನೋಡಿದರೂ ನನಗೆ ನಗು ತಡೆಯುವುದಿಲ್ಲ. ಹುಡುಗ ಜಾಕಿ ಕೂಗನ್, ಹುಟ್ಟಿದ್ದು 1914ರಲ್ಲಿ. ಲಾಸ್ ಏಂಜಲೀಸ್‌ನ ಆರ್ಫಿಯಂ ರಂಗಮಂದಿರದಲ್ಲಿ ಚಾಪ್ಲಿನ್ ಕಣ್ಣಿಗೆ ಬಿದ್ದ. 1921ರಲ್ಲಿ ಚಿತ್ರ ಬಿಡುಗಡೆಯಾದಾಗ ಅವನಿಗೆ ಆರು ವರ್ಷ.

ಆ ಚಿತ್ರದಲ್ಲಿ ಹುಡುಗನನ್ನು ಅನಾಥಾಲಯಕ್ಕೆ ಎಳೆದೊಯ್ಯುವ ಸನ್ನಿವೇಶವಿದೆ. ಅವನು ಅಳಬೇಕು. ಚಾಪ್ಲಿನ್ ಕರುಳು ಹಿಂಡುವ ಕಥೆಗಳನ್ನೆಲ್ಲ ಹೇಳಿದರು. ಊಹೂಂ, ಹುಡುಗ ಅವತ್ತು ತುಂಟಾಟದ ಹುಮ್ಮಸ್ಸಿನಲ್ಲಿದ್ದ. ಕೊನೆಗೆ ಅವನ ಅಪ್ಪ, ‘ನಾನು ಅಳಿಸ್ತೀನಿ ಬಿಡಿ’ ಎಂದರು. ಚಾಪ್ಲಿನ್‌ಗೆ ಅದನ್ನು ನೋಡುವ ಧೈರ್ಯವಾಗದೆ ತಮ್ಮ ಕೋಣೆಗೆ ಹೋದರು. ಸ್ವಲ್ಪ ಹೊತ್ತಿಗೆ ಚೀರಾಟ ಕೇಳಿಸಿತು. ಕ್ಯಾಮೆರಾ ಓಡಿತು, ಚಾಪ್ಲಿನ್ ಅಳುವ ಹುಡುಗನನ್ನು ಅಪ್ಪಿಕೊಂಡರು, ಸನ್ನಿವೇಶ ಅದ್ಭುತವಾಗಿ ಬಂತು. ಆಮೇಲೆ ‘ಹೇಗೆ ಅಳಿಸಿದಿರಿ?’ ಎಂದು ಕೇಳಿದರೆ ಅಪ್ಪ ಹೇಳಿದ್ದು: ‘ಅಳದಿದ್ದರೆ ನಿಜವಾಗಿಯೂ ಅನಾಥಾಲಯಕ್ಕೆ ಬಿಟ್ಟುಬರ್ತೀವಿ ಅಂದೆ.’ ಚಾಪ್ಲಿನ್ ಹುಡುಗನನ್ನು ಎತ್ತಿಕೊಂಡು, ‘ಯಾರೂ ನಿನ್ನ ಕರ್ಕೊಂಡು ಹೋಗಲ್ಲ ಮರಿ’ ಎಂದರು. ಕೆನ್ನೆ ಇನ್ನೂ ಒದ್ದೆ. ಹುಡುಗ ಕಿವಿಯಲ್ಲಿ ಪಿಸುಗುಟ್ಟಿದ: ‘ಗೊತ್ತಿತ್ತು. ಅಪ್ಪ ಸುಮ್ನೆ ಹೆದರಿಸಿದ್ದು.’ ಚಾಪ್ಲಿನ್ನರೇ ತಮ್ಮ ಆತ್ಮಕಥೆಯಲ್ಲಿ ಬರೆದುಕೊಂಡಿದ್ದಾರೆ. ನೋಡಿ, ಆರು ತುಂಬದ ಕೂಸು. ಕಣ್ಣೀರು ಅವನದು, ದುಡಿಮೆ ಅವನದು. ದುಡ್ಡು?

ಕಥೆಯಲ್ಲೇ ಹೊತ್ತು ಹೋಯಿತು, ಉಳಿದದ್ದನ್ನು ಬೇಗ ಹೇಳಿಬಿಡುತ್ತೇನೆ. ಮೀಸೆ ಚಿಗುರುವ ಹೊತ್ತಿಗೆ ಬೇಡಿಕೆ ಇಳಿಯಿತು. 1935ರಲ್ಲಿ ಅಪ್ಪ ಕಾರು ಅಪಘಾತದಲ್ಲಿ ತೀರಿಕೊಂಡರು. ಜಾಕಿಯ ಗಳಿಕೆ 30–40 ಲಕ್ಷ ಡಾಲರ್ ಎಂದು ಅಂದಾಜು. ಕೇಳಿದರೆ ತಾಯಿ, ಮಲತಂದೆ ಕೊಡಲಿಲ್ಲ. ವಯಸ್ಸಿಗೆ ಬರುವ ಮುಂಚೆ ಮಗು ದುಡಿದದ್ದೆಲ್ಲ ಹೆತ್ತವರದು ಎಂಬುದು ಅವರ ವಾದ, ಅಂದಿನ ಕಾನೂನೂ ಅದೇ. 1938ರಲ್ಲಿ ಕೋರ್ಟಿಗೆ ಹೋದ. ಕೈಗೆ ಬಂದದ್ದು ಸುಮಾರು 1,26,000 ಡಾಲರ್. ಆ ಗಲಾಟೆಯಿಂದಲೇ 1939ರಲ್ಲಿ ಕ್ಯಾಲಿಫೋರ್ನಿಯಾದಲ್ಲಿ, ಮಗುವಿನ ಗಳಿಕೆಯ ಒಂದು ಪಾಲನ್ನು ಮಗುವಿಗೇ ಎತ್ತಿಡಿಸುವ ಬಾಲನಟರ ಕಾಯ್ದೆ ಬಂತು. ಜನ ಅದನ್ನು ಇಂದಿಗೂ ಕೂಗನ್ ಕಾಯ್ದೆ ಎನ್ನುತ್ತಾರೆ.

‘ನಮ್ಮ ಮಗು, ನಮ್ಮ ಖರ್ಚು, ನಿಮಗೇನು?’ ಎನ್ನುವವರು ನಮ್ಮಲ್ಲೂ ಇದ್ದಾರೆ. ಸ್ವಾಮಿ, 2017ರ ಕೇಂದ್ರ ನಿಯಮವನ್ನು ಒಮ್ಮೆ ಓದಿ. 14 ತುಂಬದ ಮಕ್ಕಳ ಶೂಟಿಂಗಿಗೆ ಜಿಲ್ಲಾಧಿಕಾರಿಯ ಅನುಮತಿ ಬೇಕು, ದಿನಕ್ಕೆ 5 ಗಂಟೆ ಮೀರುವಂತಿಲ್ಲ. ಸಂಭಾವನೆಯಲ್ಲಿ ಕನಿಷ್ಠ ಶೇ. 20ರಷ್ಟನ್ನು ರಾಷ್ಟ್ರೀಕೃತ ಬ್ಯಾಂಕಿನಲ್ಲಿ ಮಗುವಿನ ಹೆಸರಿಗೇ ಎಫ್‌ಡಿ ಇಡಬೇಕು. ಹಾಗಾಗಿ ಮುಂದಿನ ಸಲ ಸೆಟ್ಟಿಗೆ ಹೋದಾಗ ಹೀರೋ ಜೊತೆ ಸೆಲ್ಫಿ ಆಮೇಲೆ ತೆಗೆಸಿಕೊಳ್ಳಿ, ಮೊದಲು ಮ್ಯಾನೇಜರ್ ಹತ್ತಿರ ಎಫ್‌ಡಿ ರಸೀದಿ ಕೇಳಿ. ಅದರ ಮೇಲೆ ಯಾರ ಹೆಸರಿದೆ ಎಂದು ಓದಿ ನೋಡಿ. ನಮಸ್ಕಾರ.