65 ಜಿಬಿ ಆಟ 500 ಎಂಬಿಯೊಳಗೆ ಹಿಡಿಸದು

ಕೇಳುಗರಿಗೆ ನಮಸ್ಕಾರ. ಇಂದಿನ ಮಾತು ಹೈಸ್ಕೂಲು, ಪಿಯುಸಿ ಓದುತ್ತಿರುವ ಮಕ್ಕಳಿಗೆ ಮತ್ತು ಅವರ ತಂದೆತಾಯಿಗಳಿಗೆ. ‘ಹೈಲಿ ಕಂಪ್ರೆಸ್ಡ್’, ಅಂದರೆ ಬಹಳ ಕುಗ್ಗಿಸಿದ್ದು, ಎಂಬ ಹಣೆಪಟ್ಟಿ ಹಚ್ಚಿ ದೊಡ್ಡ ಆಟಗಳನ್ನು ಪುಟ್ಟ ಫೈಲಿನಲ್ಲಿ ಬಿಟ್ಟಿಯಾಗಿ ಕೊಡುತ್ತೇವೆ ಎನ್ನುವವರನ್ನು ನಂಬಬೇಡಿ. ಜಿಟಿಎ ಫೈವ್ ಆಟವು 2015ರಲ್ಲಿ ಕಂಪ್ಯೂಟರಿಗೆ ಬಂದಾಗಲೇ ಅದಕ್ಕೆ 65 ಜಿಬಿ ಜಾಗ ಬೇಕಿತ್ತು. ಅದು 500 ಎಂಬಿಗೆ ಇಳಿಯುವುದಿಲ್ಲ. ಆಟದೊಳಗಿನ ಚಿತ್ರ, ಧ್ವನಿ, ವಿಡಿಯೊಗಳನ್ನು ತಯಾರಕರೇ ಮೊದಲು ಕುಗ್ಗಿಸಿರುತ್ತಾರೆ. ಹಿಂಡಿ ಹರವಿದ ಬಟ್ಟೆಯನ್ನು ಮತ್ತೆ ಹಿಂಡಿದರೆ ನಾಲ್ಕು ಹನಿ ಬಂದೀತು, ಬಕೆಟ್ ತುಂಬೀತೇ?

ಕಳೆದ ಬೇಸಿಗೆ ರಜೆಯಲ್ಲಿ ನಮ್ಮ ಬೀದಿಯ ತಾಯಿಯೊಬ್ಬರು ಮಗನ ಲ್ಯಾಪ್‌ಟಾಪ್ ಹಿಡಿದು ಬಂದರು. “ಸರ್, ಸುಮ್ಮನೆ ಇಟ್ಟರೂ ಫ್ಯಾನ್ ಗಿರ್ರೆಂದು ತಿರುಗುತ್ತದೆ, ಮುಟ್ಟಿದರೆ ದೋಸೆ ಕಾವಲಿಯಂತೆ ಸುಡುತ್ತದೆ” ಎಂದರು. ಹುಡುಗ ಬಹಳ ಹೊತ್ತು ತಲೆ ತಗ್ಗಿಸಿ ಕುಳಿತಿದ್ದು ಕೊನೆಗೆ ಬಾಯಿ ಬಿಟ್ಟ. ಯಾವುದೋ ವಿಡಿಯೊದ ಕೆಳಗಿದ್ದ ಲಿಂಕಿನಿಂದ ಆಟ ಇಳಿಸಿಕೊಂಡಿದ್ದನಂತೆ. ಫೈಲಿಗೆ ಪಾಸ್‌ವರ್ಡ್ ಇತ್ತು. ತೆರೆಯುವ ಮೊದಲು ಆಂಟಿವೈರಸ್ ಆಫ್ ಮಾಡಬೇಕೆಂಬ ಸೂಚನೆಯೂ ಇತ್ತು. ಹೇಳಿದಂತೆಯೇ ಮಾಡಿದ. ಕಪ್ಪು ಕಿಟಕಿಯೊಂದು ಕಣ್ಣು ಮಿಟುಕಿಸುವಷ್ಟರಲ್ಲಿ ಮೂಡಿ ಮಾಯವಾಯಿತು, ಆಟ ತೆರೆಯಲಿಲ್ಲ. ಫೈಲನ್ನು ಅಳಿಸಿದ, ಅಲ್ಲಿಗೆ ಮುಗಿಯಿತೆಂದುಕೊಂಡ. ಎರಡೇ ದಿನಗಳಲ್ಲಿ ಅವನ ಇಮೇಲ್ ಕೈತಪ್ಪಿತು, ಅದೇ ಬ್ರೌಸರಿನಲ್ಲಿ ಉಳಿಸಿಟ್ಟಿದ್ದ ತಾಯಿಯ ಪಾಸ್‌ವರ್ಡುಗಳೂ ಕಳುವಾದವು. ನಾನು ಡಿಸ್ಕನ್ನು ಪೂರ್ತಿ ಅಳಿಸಿ ವಿಂಡೋಸ್ ಹೊಸದಾಗಿ ಹಾಕಬೇಕಾಯಿತು. ಬ್ಯಾಕಪ್ ಇಲ್ಲದ ಮನೆಯ ಫೋಟೊಗಳು ಉಳಿಯಲಿಲ್ಲ.

ಆ ಪಾಸ್‌ವರ್ಡ್ ಏಕೆ ಗೊತ್ತೇ? ಬೀಗ ಹಾಕಿದ ಪೆಟ್ಟಿಗೆಯೊಳಗೆ ಏನಿದೆಯೆಂದು ಆಂಟಿವೈರಸ್ ನೋಡಲಾರದು. ಅದನ್ನು ಆಫ್ ಮಾಡು ಎನ್ನುವವನು, ಕಾವಲುಗಾರನನ್ನು ಕಳುಹಿಸಿ ಬಾಗಿಲು ತೆರೆದಿಡು ಎನ್ನುತ್ತಿದ್ದಾನೆ. ಇದನ್ನು ಇನ್ನೆಷ್ಟು ಸಲ ಹೇಳಬೇಕು!

2021ರಲ್ಲಿ ಆಂಟಿವೈರಸ್ ತಯಾರಿಸುವ ಅವಾಸ್ಟ್ ಸಂಸ್ಥೆಯು ‘ಕ್ರ್ಯಾಕೊನೋಶ್’ ಎಂಬ ಕುತಂತ್ರಾಂಶವನ್ನು ಬಯಲು ಮಾಡಿತು. ಕದ್ದ ಆಟಗಳೊಳಗೆ ಅಡಗಿ 2 ಲಕ್ಷಕ್ಕೂ ಹೆಚ್ಚು ಕಂಪ್ಯೂಟರುಗಳನ್ನು ಹೊಕ್ಕಿದ್ದ ಅದು, ಅವುಗಳ ಶಕ್ತಿಯನ್ನೂ ಮನೆಯವರ ವಿದ್ಯುತ್ತನ್ನೂ ಬಳಸಿ ಕಳ್ಳರಿಗೆ ಮೊನೆರೊ ಎಂಬ ಡಿಜಿಟಲ್ ಹಣ ಗಳಿಸಿಕೊಡುತ್ತಿತ್ತು.

ಸಮಯ ಮೀರುತ್ತಿದೆ, ಉಳಿದದ್ದನ್ನು ಬೇಗ ಹೇಳುತ್ತೇನೆ. ಆಟ ಇಳಿಸುವ ಮೊದಲು ಅದರ ಅಧಿಕೃತ ಪುಟದಲ್ಲಿ ಗಾತ್ರ ನೋಡಿ. ಅಲ್ಲಿ 65 ಜಿಬಿ, ಇಲ್ಲಿ 500 ಎಂಬಿ ಎಂದಿದ್ದರೆ ಅದು ಆಟವೇ ಅಲ್ಲ. ಕಾಯುವ ತಾಳ್ಮೆಯಿದ್ದರೆ ಕೆಲವು ಆಟಗಳು ಅಧಿಕೃತವಾಗಿಯೇ ಉಚಿತವಾಗಿ ಸಿಗುತ್ತವೆ. 2020ರ ಮೇ ತಿಂಗಳಲ್ಲಿ ಎಪಿಕ್ ಎಂಬ ಆನ್‌ಲೈನ್ ಆಟದಂಗಡಿಯು ಇದೇ ಜಿಟಿಎ ಫೈವ್ ಆಟವನ್ನು ಬಿಟ್ಟಿಯಾಗಿ ಕೊಟ್ಟಿತ್ತು. ಈಗಾಗಲೇ ಮೋಸಹೋಗಿದ್ದರೆ ಇಂಟರ್ನೆಟ್ ಕಡಿದು, ಬೇರೊಂದು ಸಾಧನದಿಂದ ಪಾಸ್‌ವರ್ಡ್ ಬದಲಿಸಿ. ಹಣ ಹೋಗಿದ್ದರೆ ತಡಮಾಡದೆ ಸೈಬರ್ ಅಪರಾಧ ಸಹಾಯವಾಣಿ 1930ಕ್ಕೆ ಕರೆ ಮಾಡಿ. ಮಕ್ಕಳು ತಾವಾಗಿ ಬಂದು ಹೇಳಿದರೆ, ತಂದೆತಾಯಿಗಳೇ, ದಯವಿಟ್ಟು ಆ ಹೊತ್ತಿನಲ್ಲಿ ಬೈಯಬೇಡಿ. ನಮಸ್ಕಾರ.