ಜನ ಬರಲಿಲ್ಲ ಎನ್ನಬೇಡಿ

ಎಲ್ಲರಿಗೂ ನಮಸ್ಕಾರ. ಕಳೆದ ಭಾನುವಾರ ಕ್ಯಾಲಿಫೋರ್ನಿಯಾದ ಫ್ರೀಮಾಂಟಿನಲ್ಲಿ ಒಂದು ಗೃಹಪ್ರವೇಶಕ್ಕೆ ಹೋಗಿದ್ದೆ. ನಾನು ಕನ್ನಡದಲ್ಲಿ ಬೇಸ್‌ಬಾಲ್ ಕುರಿತು ಮಾತನಾಡುವವನೆಂದು ಯಾರೋ ಪರಿಚಯಿಸಿದ್ದರಿಂದ, ಊಟಕ್ಕೆ ಪಕ್ಕದಲ್ಲಿ ಕುಳಿತ ಹಿರಿಯರೊಬ್ಬರು 2024ರಲ್ಲಿ ತನ್ನ ಊರು ಬಿಟ್ಟುಹೋದ ಓಕ್ಲೆಂಡ್ ಅಥ್ಲೆಟಿಕ್ಸ್ ತಂಡದ ವಿಷಯ ತೆಗೆದು, "ಕುರ್ಚಿಗಳೆಲ್ಲ ಖಾಲಿ ಇರುತ್ತಿದ್ದವಲ್ಲ ಮಾರಾಯರೇ, ಊರಿನವರಿಗೇ ಬೇಡವಾದ ತಂಡ ಊರು ಬಿಡದೆ ಇನ್ನೇನು ಮಾಡೀತು?" ಎಂದರು. ಹೋಳಿಗೆ ಬಡಿಸುವ ಹೊತ್ತಿನಲ್ಲಿ ವಾದ ಬೇಡವೆಂದು ನಾನು ಸುಮ್ಮನೆ ಊಟ ಮುಗಿಸಿದೆ. ಆದರೆ ಮನೆಗೆ ಬಂದ ಮೇಲೆ ಆ ಮಾತು ಗಂಟಲಲ್ಲಿ ಸಿಕ್ಕಿಕೊಂಡ ಮುಳ್ಳಿನಂತೆ ಕಾಡಿತು. ಅವರಿಗೆ ಅಲ್ಲಿ ಹೇಳಬೇಕಿದ್ದ ಉತ್ತರವನ್ನು ಇಂದು ಇಲ್ಲಿ ಹೇಳುತ್ತೇನೆ: ಜನ ಬರಲಿಲ್ಲ ಎನ್ನಬೇಡಿ, ಜನ ಬರದಂತೆ ಮಾಡಿದರು ಎನ್ನಿ.

ಎರಡು ರಾತ್ರಿಗಳನ್ನು ನಿಮ್ಮ ಮುಂದಿಡುತ್ತೇನೆ. ಮೊದಲನೆಯದು 2019ರ ಅಕ್ಟೋಬರ್ 2. ಆ ವರ್ಷ 97 ಪಂದ್ಯಗಳನ್ನು ಗೆದ್ದಿದ್ದ ಓಕ್ಲೆಂಡ್ ತಂಡ, ಮುಂದಿನ ಸುತ್ತಿಗೆ ಹೋಗಲು ಗೆಲ್ಲಲೇಬೇಕಾದ ವೈಲ್ಡ್ ಕಾರ್ಡ್ ಪಂದ್ಯದಲ್ಲಿ ಟ್ಯಾಂಪಾ ಬೇ ರೇಸ್ ತಂಡವನ್ನು ಎದುರಿಸಿತು. ತಂಡದ ತವರಾದ ಕೊಲಿಸಿಯಂ ಕ್ರೀಡಾಂಗಣಕ್ಕೆ ಬಂದವರು 54,005 ಜನ. ಎರಡನೆಯದು 2022ರ ಮೇ 2, ಸೋಮವಾರ. ಅದೇ ಕೊಲಿಸಿಯಂ, ಎದುರಾಳಿಯೂ ಅದೇ ಟ್ಯಾಂಪಾ ಬೇ. ಅಂದು ಘೋಷಿಸಿದ ಸಂಖ್ಯೆ 2,488. ಅಮೆರಿಕದ ಬೇಸ್‌ಬಾಲಿನಲ್ಲಿ ಹಾಗೆ ಘೋಷಿಸುವುದು ಮಾರಾಟವಾದ ಟಿಕೆಟ್‌ಗಳ ಸಂಖ್ಯೆಯನ್ನೇ ಹೊರತು ಗೇಟಿನಿಂದ ಒಳಗೆ ಬಂದವರ ತಲೆಗಳನ್ನು ಎಣಿಸಿದ್ದಲ್ಲ. ಆ ಸೋಮವಾರ ನಾನೂ ಅಲ್ಲಿದ್ದೆ. ಮೂರನೆಯ ಬೇಸಿನ ಪಕ್ಕದ ಸಾಲಿನಲ್ಲಿ ಕುಳಿತಿದ್ದ ನನಗೆ ಪಿಚರ್ ಎಸೆದ ಚೆಂಡು ಕ್ಯಾಚರನ ಗ್ಲೌಸಿಗೆ ಬಡಿಯುವ ಸದ್ದು ಪ್ರತಿ ಬಾರಿಯೂ ಸ್ಪಷ್ಟವಾಗಿ ಕೇಳುತ್ತಿತ್ತು.

ಐವತ್ನಾಲ್ಕು ಸಾವಿರದಿಂದ ಎರಡೂವರೆ ಸಾವಿರ. ಮೂರು ವರ್ಷವೂ ತುಂಬದ ಆ ಅವಧಿಯಲ್ಲಿ ಓಕ್ಲೆಂಡಿನ ಜನರಿಗೆ ಬೇಸ್‌ಬಾಲ್ ಮರೆತುಹೋಯಿತೇ? ನಡೆದದ್ದೇನೆಂದು ಕೇಳಿ. 2021ರ ಮೇ ತಿಂಗಳಲ್ಲಿ, ಬೇರೆ ಊರು ಹುಡುಕಿಕೊಳ್ಳಬಹುದೆಂದು ಮೇಜರ್ ಲೀಗ್ ಬೇಸ್‌ಬಾಲ್, ಅಂದರೆ ಈ ತಂಡಗಳೆಲ್ಲ ಆಡುವ ಲೀಗ್, ಈ ತಂಡಕ್ಕೆ ಬಹಿರಂಗವಾಗಿಯೇ ದಾರಿ ತೆರೆಯಿತು. 2022ರ ಮಾರ್ಚ್‌ನಲ್ಲಿ ತಂಡದ ಪ್ರಮುಖ ಆಟಗಾರರು ಹೊರನಡೆಯತೊಡಗಿದರು: ಕ್ರಿಸ್ ಬ್ಯಾಸಿಟ್ ನ್ಯೂಯಾರ್ಕಿಗೆ ಹೋದರು, ಮ್ಯಾಟ್ ಓಲ್ಸನ್ ಅಟ್ಲಾಂಟಾಕ್ಕೆ, ಮ್ಯಾಟ್ ಚಾಪ್‌ಮನ್ ಟೊರಾಂಟೊಗೆ. ಏಪ್ರಿಲ್‌ನಲ್ಲಿ ಶಾನ್ ಮನಾಯಾ ಸ್ಯಾನ್ ಡಿಯಾಗೊಗೆ, ಆಗಸ್ಟ್‌ನಲ್ಲಿ ಫ್ರ್ಯಾಂಕಿ ಮೊಂಟಾಸ್ ನ್ಯೂಯಾರ್ಕಿನ ಇನ್ನೊಂದು ತಂಡಕ್ಕೆ, ಡಿಸೆಂಬರ್‌ನಲ್ಲಿ ಶಾನ್ ಮರ್ಫಿ ಅಟ್ಲಾಂಟಾಕ್ಕೆ ಹೋದರು. ಓಕ್ಲೆಂಡ್ ಇರುವ ಬೇ ಏರಿಯಾದಲ್ಲೇ ಹುಟ್ಟಿ ಬೆಳೆದ ಮಾರ್ಕಸ್ ಸೆಮಿಯನ್ ಅವರನ್ನು 2020ರ ನಂತರವೇ ಕೈಬಿಟ್ಟಾಗಿತ್ತು. ಮನೆಯ ಪಾತ್ರೆಗಳನ್ನು ಒಂದೊಂದಾಗಿ ಅಟ್ಟದಿಂದ ಇಳಿಸಿ ಮಾರುವವರಂತೆ ಆಟಗಾರರನ್ನು ಮಾರಿದ ಅದೇ ಹೊತ್ತಿಗೆ ಸೀಸನ್ ಟಿಕೆಟ್‌ಗಳ ಬೆಲೆಯನ್ನೂ ಏರಿಸಲಾಯಿತು. ಸರಕು ಇಳಿಸಿ ಬೆಲೆ ಏರಿಸಿದ ಅಂಗಡಿಗೆ ಗಿರಾಕಿ ಬರಲಿಲ್ಲವೆಂದು ಬೀದಿಯ ಜನರನ್ನು ಬಯ್ಯುವವರನ್ನು ನೀವು ಎಲ್ಲಿಯಾದರೂ ಕಂಡಿದ್ದೀರಾ?

ಇದಕ್ಕೆ ರೀಬಿಲ್ಡಿಂಗ್ ಎಂಬ ಮರ್ಯಾದೆಯ ಹೆಸರೊಂದಿದೆ. ದುಬಾರಿ ಆಟಗಾರರನ್ನು ಕೊಟ್ಟು, ಎಳೆಯರನ್ನು ಪಡೆದು, ಕೆಲವು ವರ್ಷ ಸೋತು, ಮತ್ತೆ ಮೇಲೇಳುವ ಕ್ರಮ ಅದು. ಆ ಕ್ರಮದ ಬಗ್ಗೆ ನನಗೆ ತಕರಾರಿಲ್ಲ. ಷಿಕಾಗೊ ಕಬ್ಸ್ 2012ರಲ್ಲಿ 101 ಪಂದ್ಯಗಳನ್ನು ಸೋತಿತು. ಆ ವರ್ಷವೂ ರಿಗ್ಲಿ ಫೀಲ್ಡಿಗೆ 28 ಲಕ್ಷಕ್ಕೂ ಹೆಚ್ಚು ಜನ ಬಂದರು, 2016ರಲ್ಲಿ ತಂಡ ಲೀಗಿನ ಅಂತಿಮ ಸರಣಿಯಾದ ವರ್ಲ್ಡ್ ಸೀರೀಸ್ ಗೆದ್ದಿತು. ಹ್ಯೂಸ್ಟನ್ ಆಸ್ಟ್ರೋಸ್ 2011ರಿಂದ 2013ರವರೆಗೆ ಕ್ರಮವಾಗಿ 106, 107 ಮತ್ತು 111 ಪಂದ್ಯಗಳನ್ನು ಸೋತರೂ ಹೋಸೆ ಅಲ್ಟುವೆ ಎಂಬ ಪುಟ್ಟ ದೇಹದ ಎಳೆಯ ಆಟಗಾರನನ್ನು ಉಳಿಸಿಕೊಂಡು ಬೆಳೆಸಿತು, 2017ರಲ್ಲಿ ಗೆದ್ದಿತು. ಅಲ್ಲಿಯೂ ಕುರ್ಚಿಗಳು ಖಾಲಿಯಾಗಿದ್ದವು, ನಿಜ. ಆದರೆ ನಾಳೆ ಎಂಬುದೊಂದು ಇದೆ, ಅದು ಇದೇ ಊರಿನಲ್ಲಿ ಇದೆ ಎಂಬುದರಲ್ಲಿ ಅಲ್ಲಿನ ಜನರಿಗೆ ಅನುಮಾನವಿರಲಿಲ್ಲ. ಗದ್ದೆಯನ್ನು ಒಂದು ಬೆಳೆ ಪಾಳು ಬಿಟ್ಟು ಹದಕ್ಕೆ ತರುವ ರೈತನನ್ನು ಊರು ಅರ್ಥ ಮಾಡಿಕೊಳ್ಳುತ್ತದೆ. ಎತ್ತು ಮಾರಿ, ನೇಗಿಲು ಮಾರಿ, ಬೇರೆ ಊರಿನಲ್ಲಿ ಜಮೀನು ವಿಚಾರಿಸುತ್ತಿರುವವನು "ನಾನು ಗದ್ದೆ ಹದ ಮಾಡುತ್ತಿದ್ದೇನೆ" ಎಂದರೆ ಯಾರು ನಂಬುತ್ತಾರೆ?

ಓಕ್ಲೆಂಡ್ ತಂಡ 2022ರಲ್ಲಿ 102 ಪಂದ್ಯಗಳನ್ನು ಸೋತಿತು, 2023ರಲ್ಲಿ 112. ಅದೇ 2023ರಲ್ಲಿ ಮ್ಯಾಟ್ ಓಲ್ಸನ್ ಅಟ್ಲಾಂಟಾದ ಪರವಾಗಿ 54 ಹೋಮ್ ರನ್ ಹೊಡೆದು ಇಡೀ ಲೀಗಿಗೆ ಮೊದಲಿಗರಾದರು. ಸೆಮಿಯನ್ ಟೆಕ್ಸಸ್ ರೇಂಜರ್ಸ್ ತಂಡದಲ್ಲಿ ವರ್ಲ್ಡ್ ಸೀರೀಸ್ ಗೆದ್ದರು. ತನ್ನ ಆಟಗಾರರು ಬೇರೆ ತಂಡಗಳಿಗೆ ಆಡುವುದನ್ನು ಟಿವಿಯಲ್ಲಿ ನೋಡುತ್ತಿದ್ದ ಓಕ್ಲೆಂಡಿನ ಮನುಷ್ಯನೊಬ್ಬ ಆ ವರ್ಷದ ಮೇ 15ರಂದು ಕೊಲಿಸಿಯಂಗೆ ಹೋಗಲಿಲ್ಲ, ಆ ದಿನದ ಸಂಖ್ಯೆ 2,064ಕ್ಕೆ ಇಳಿಯಿತು ಎಂದರೆ, ಆ 2,064 ಜನರಿಗೆ ಕೈಮುಗಿಯಬೇಕೇ ಹೊರತು ಬಾರದವರನ್ನು ಬಯ್ಯಬಾರದು.

"ಕ್ರೀಡಾಂಗಣವೇ ಹಾಳಾಗಿತ್ತು, ಅದಕ್ಕೇ ಜನ ಬರಲಿಲ್ಲ" ಎನ್ನುವವರಿದ್ದಾರೆ. ಕೊಲಿಸಿಯಂ 1966ರದು, ಸೊರಗಿತ್ತು, ಒಪ್ಪುತ್ತೇನೆ. ಚರಂಡಿ ಉಕ್ಕಿದ್ದುಂಟು, ಬೆಕ್ಕುಗಳು ಸಂಸಾರ ಹೂಡಿದ್ದುಂಟು, ವೀಕ್ಷಕ ವಿವರಣೆಗಾರರ ಕೋಣೆಯಲ್ಲಿ ಪಾಸಮ್ ಎಂಬ ಪ್ರಾಣಿ ಬಿಡಾರ ಮಾಡಿದ್ದೂ ಉಂಟು. ಆದರೆ 2019ರಲ್ಲಿ 54,005 ಜನ ಕುಳಿತದ್ದು ಅಮೃತಶಿಲೆಯ ಅರಮನೆಯಲ್ಲೇನೂ ಅಲ್ಲ, ಅದೇ ಕಾಂಕ್ರೀಟಿನ ಮೇಲೆ. 2002ರ ಸೆಪ್ಟೆಂಬರ್ 4ರಂದು ತಂಡ ಸತತ ಇಪ್ಪತ್ತನೆಯ ಗೆಲುವು ಪಡೆದಾಗ 55,528 ಜನ ಕುಣಿದದ್ದೂ ಅದೇ ಕಾಂಕ್ರೀಟಿನ ಮೇಲೆ. ಆ ವಾದ ನಿಲ್ಲುವುದಿಲ್ಲ.

ಇನ್ನೂ ಹಿಂದಕ್ಕೆ ಹೋಗೋಣ, ಏಕೆಂದರೆ ಈ ಕಥೆ ಓಕ್ಲೆಂಡಿನಲ್ಲಿ ಒಮ್ಮೆ ನಡೆದುಹೋಗಿದೆ. ಚಾರ್ಲಿ ಫಿನ್ಲಿ ಎಂಬ ಮಾಲೀಕರ ಕೈಯಲ್ಲಿ ಈ ತಂಡ 1972, 1973, 1974ರಲ್ಲಿ ಸತತವಾಗಿ ಮೂರು ವರ್ಲ್ಡ್ ಸೀರೀಸ್ ಗೆದ್ದಿತ್ತು. ಆಮೇಲೆ ಆ ಮಹಾ ತಂಡ ಚೂರುಚೂರಾಯಿತು. 1979ರಲ್ಲಿ 108 ಸೋಲು. ಆ ವರ್ಷದ ಏಪ್ರಿಲ್ 17ರಂದು ಸಿಯಾಟಲ್ ಎದುರಿನ ಪಂದ್ಯಕ್ಕೆ ಬಂದವರು 653 ಜನ. ನಮ್ಮ ಕಡೆಯ ಒಂದು ಸಾಧಾರಣ ಮದುವೆಯ ಊಟಕ್ಕೂ ಅದಕ್ಕಿಂತ ಹೆಚ್ಚು ಎಲೆ ಬೀಳುತ್ತದೆ. ಇಡೀ ವರ್ಷಕ್ಕೆ ಸೇರಿದವರು 3,06,763. ಆಗಲೂ ಜನ "ಓಕ್ಲೆಂಡಿಗೆ ಬೇಸ್‌ಬಾಲ್ ಬೇಡ" ಎಂದೇ ಹೇಳಿದ್ದರು. 1980ರಲ್ಲಿ ಹಾಸ್ ಕುಟುಂಬ ತಂಡವನ್ನು ಕೊಂಡಿತು. ಬೇಸ್ ಕದಿಯುವುದರಲ್ಲಿ ಹೆಸರಾದ ರಿಕಿ ಹೆಂಡರ್ಸನ್ ಓಡತೊಡಗಿದರು. ಮಾಲೀಕರು ಆಟಗಾರರಿಗೂ ಊರಿಗೂ ಹಣ ಹಾಕಿದರು. 1989ರಲ್ಲಿ ತಂಡ ವರ್ಲ್ಡ್ ಸೀರೀಸ್ ಗೆದ್ದಿತು, 1990ರಲ್ಲಿ ಕೊಲಿಸಿಯಂಗೆ ಬಂದವರ ಸಂಖ್ಯೆ 29 ಲಕ್ಷ ದಾಟಿತು. ಮೂರು ಲಕ್ಷದಿಂದ ಇಪ್ಪತ್ತೊಂಬತ್ತು ಲಕ್ಷ! ಆ ಹನ್ನೊಂದು ವರ್ಷಗಳಲ್ಲಿ ಓಕ್ಲೆಂಡಿನ ಜನ ಬದಲಾಗಿರಲಿಲ್ಲ, ಮಾಲೀಕರು ಬದಲಾಗಿದ್ದರು. ಈ ಒಂದು ಲೆಕ್ಕವನ್ನು ಆ ಹಿರಿಯರ ಎಲೆಯ ಪಕ್ಕದಲ್ಲಿ ಇಟ್ಟು ಬರಬೇಕಿತ್ತು.

ಇನ್ನೊಂದು ವಾದವನ್ನು ನಮ್ಮ ಕನ್ನಡಿಗರೇ ಹೆಚ್ಚಾಗಿ ಮಾಡುತ್ತಾರೆ. "ನಿಜವಾದ ಅಭಿಮಾನಿ ಸೋಲಿನಲ್ಲಿಯೂ ಬರುತ್ತಾನೆ, ನಮ್ಮ ಆರ್‌ಸಿಬಿಯನ್ನು ನೋಡಿ" ಎನ್ನುತ್ತಾರೆ. ನೋಡೋಣ. ಆರ್‌ಸಿಬಿ 2017ರಲ್ಲಿಯೂ 2019ರಲ್ಲಿಯೂ ಪಟ್ಟಿಯ ತಳದಲ್ಲಿತ್ತು, 2025ರವರೆಗೆ ಕಪ್ ಇರಲಿಲ್ಲ. ಆದರೂ "ಈ ಸಲ ಕಪ್ ನಮ್ದೇ" ಎಂಬ ಕೂಗು ನಿಲ್ಲಲಿಲ್ಲ. ಆದರೆ ಆರ್‌ಸಿಬಿ ವಿರಾಟ್ ಕೊಹ್ಲಿಯವರನ್ನು 2008ರಿಂದ ಒಂದು ವರ್ಷವೂ ಬಿಟ್ಟುಕೊಡಲಿಲ್ಲ, ಬೆಂಗಳೂರನ್ನು ಬಿಟ್ಟು ಬೇರೆ ಊರಿಗೆ ಹೋಗುತ್ತೇವೆಂದು ಹೇಳಲಿಲ್ಲ. ಕೊಹ್ಲಿಯವರನ್ನು ಮಾರಿ, ಎಬಿಡಿಯವರನ್ನು ಮಾರಿ, ಟಿಕೆಟ್ ದರ ಏರಿಸಿ, "ನಾವು ಇನ್ನೊಂದು ರಾಜ್ಯದಲ್ಲಿ ಜಾಗ ನೋಡುತ್ತಿದ್ದೇವೆ" ಎಂದು ಘೋಷಿಸಿದ್ದರೆ ಚಿನ್ನಸ್ವಾಮಿಯ ಮುಂದೆ ಸಾಲು ನಿಲ್ಲುತ್ತಿತ್ತೇ? ಆ ಹೋಲಿಕೆ ನನ್ನ ಮಾತಿಗೇ ಸಾಕ್ಷಿ ಹೇಳುತ್ತದೆ.

ಈಗ ಮೂರನೆಯ ರಾತ್ರಿಗೆ ಬರುತ್ತೇನೆ. 2023ರ ಏಪ್ರಿಲ್‌ನಲ್ಲಿ, "ಓಕ್ಲೆಂಡಿನಲ್ಲೇ ಬೇರೂರಿದ್ದೇವೆ" ಎಂಬ ಘೋಷವಾಕ್ಯವನ್ನು ವರ್ಷಗಟ್ಟಲೆ ಮೆರೆಸಿದ ತಂಡ ಲಾಸ್ ವೇಗಸ್‌ನಲ್ಲಿ ಜಾಗಕ್ಕೆ ಒಪ್ಪಂದ ಮಾಡಿಕೊಂಡಿತು. ಜೂನ್ 13ರ ಮಂಗಳವಾರ ಅಭಿಮಾನಿಗಳು ಮಾಡಿದ್ದು ಬಹಿಷ್ಕಾರದ ತಿರುಗುಮುರುಗು: ಎಲ್ಲರೂ ಒಂದೇ ದಿನ ಬರೋಣ, ಬಂದು ತೋರಿಸೋಣ ಎಂದರು. ಎದುರಾಳಿ ಮತ್ತೆ ಅದೇ ಟ್ಯಾಂಪಾ ಬೇ. ಫ್ರೀಮಾಂಟಿನಿಂದ ಬಾರ್ಟ್ ರೈಲು ಹತ್ತಿದ ನನಗೆ ಕೊಲಿಸಿಯಂ ನಿಲ್ದಾಣದಿಂದ ಕ್ರೀಡಾಂಗಣಕ್ಕೆ ಹೋಗುವ ಉದ್ದನೆಯ ಸೇತುವೆಯ ಮೇಲೆ ನಡೆಯಲು ಜಾಗವಿರಲಿಲ್ಲ. "ಸೆಲ್" ಎಂದು, ಅಂದರೆ ತಂಡವನ್ನು ಮಾರಿಬಿಡಿ ಎಂದು, ದೊಡ್ಡದಾಗಿ ಬರೆದ ಹಸಿರು ಅಂಗಿ ತೊಟ್ಟವರೇ ಎಲ್ಲೆಲ್ಲೂ. 27,759 ಜನ! ಐದನೆಯ ಇನ್ನಿಂಗ್ ಆರಂಭವಾದಾಗ ಅಷ್ಟೂ ಜನ ಮೊದಲ ಬ್ಯಾಟರ್ ಆಡಿ ಮುಗಿಸುವವರೆಗೆ ಮೌನವಾಗಿ ನಿಂತರು. ಬಳಿಕ ತಂಡವನ್ನು ಮಾರಿ ಎಂಬ ಕೂಗು ಎದ್ದಾಗ ನನ್ನ ಪಕ್ಕದಲ್ಲಿದ್ದ ಎಪ್ಪತ್ತರ ಆಸುಪಾಸಿನ ಅಜ್ಜಿಯೊಬ್ಬರ ಕಣ್ಣಿನಲ್ಲಿ ನೀರಿತ್ತು. ತಂಡ 2-1ರಿಂದ ಗೆದ್ದಿತು, ಅದು ಸತತ ಏಳನೆಯ ಗೆಲುವು. ಆ ಗೆಲುವಿನ ನಂತರವೂ ಅವರ ಲೆಕ್ಕ 19 ಗೆಲುವು, 50 ಸೋಲು. ಅಂಥ ತಂಡಕ್ಕಾಗಿ, ಮಂಗಳವಾರದ ರಾತ್ರಿ, ಇಷ್ಟು ಜನ!

ಅದಾದ ಎರಡು ದಿನಗಳಲ್ಲಿ ವೇಗಸ್‌ನ ಹೊಸ ಕ್ರೀಡಾಂಗಣಕ್ಕೆ 38 ಕೋಟಿ ಡಾಲರ್‌ವರೆಗಿನ ಸಾರ್ವಜನಿಕ ಹಣ ಕೊಡುವ ಮಸೂದೆಗೆ ನೆವಾಡಾದ ಗವರ್ನರ್ ಸಹಿ ಹಾಕಿದರು. ಲೀಗಿನ ಕಮಿಷನರ್ ರಾಬ್ ಮ್ಯಾನ್‌ಫ್ರೆಡ್ ಅವರು, ಒಂದು ರಾತ್ರಿಯ ಮಟ್ಟಿಗೆ ಹೆಚ್ಚುಕಡಿಮೆ ಲೀಗಿನ ಸರಾಸರಿಯಷ್ಟು ಜನ ಬಂದದ್ದು ಸಂತೋಷ ಎಂಬರ್ಥದ ಮಾತನಾಡಿದರು. ನವೆಂಬರ್‌ನಲ್ಲಿ ಮೂವತ್ತು ಮಾಲೀಕರೂ ಸ್ಥಳಾಂತರಕ್ಕೆ ಒಪ್ಪಿಗೆ ಕೊಟ್ಟರು. ಒಬ್ಬರಾದರೂ ಬೇಡವೆನ್ನಲಿಲ್ಲ. ಜನ ಬಾರದಿದ್ದರೆ "ನೋಡಿ, ಬರಲಿಲ್ಲ", ಬಂದರೆ "ಒಂದು ದಿನ ತಾನೇ". ಇದು ಯಾವ ನ್ಯಾಯ?

ಈ ಕಾರ್ಯಕ್ರಮಕ್ಕೆ ಹಣ ಕೊಡುವ ಪ್ರಾಯೋಜಕರಿಲ್ಲ. ಪ್ರತಿ ಶನಿವಾರ ರಾತ್ರಿ ನಮ್ಮ ಮನೆಯ ಮೂಲೆಯ ಕೋಣೆಯಲ್ಲಿ ಧ್ವನಿಮುದ್ರಿಸುತ್ತೇನೆ. ಇಷ್ಟವಾದರೆ ಚಂದಾದಾರರಾಗಿ. ಇಷ್ಟವಾಗದಿದ್ದರೂ ಇದನ್ನು "ಜನ ಬರಲಿಲ್ಲ" ಎನ್ನುವ ಒಬ್ಬರಿಗಾದರೂ ಕಳುಹಿಸಿ. ಲಕ್ಷಾಂತರ ಕನ್ನಡಿಗರು ಕೇಳಬೇಕೆಂಬ ಆಸೆ ನನಗಿಲ್ಲ, ಆ ಒಬ್ಬರು ಕೇಳಬೇಕು.

ಕೊನೆಯ ಪಂದ್ಯ 2024ರ ಸೆಪ್ಟೆಂಬರ್ 26ರ ಗುರುವಾರ ಮಧ್ಯಾಹ್ನ ನಡೆಯಿತು. ಆ ವರ್ಷವೂ ತಂಡಕ್ಕೆ ಸೋಲೇ ಹೆಚ್ಚು, ಪ್ಲೇಆಫ್‌ನ ಮಾತೇ ಇಲ್ಲ. ಕೆಲಸದ ದಿನ. ಬಂದವರು 46,889. ಜನ ಬರಲಿಲ್ಲವಂತೆ! ಟೆಕ್ಸಸ್ ಅನ್ನು 3-2ರಿಂದ ಸೋಲಿಸಿದ ಮೇಲೆ ಮ್ಯಾನೇಜರ್ ಮಾರ್ಕ್ ಕಾಟ್ಸೆ ಮೈದಾನದಲ್ಲಿ ಮೈಕ್ ಹಿಡಿದು ಓಕ್ಲೆಂಡಿನ ಹೆಸರನ್ನು ಕೂಗಿಸಿದರು. ಯಾರೂ ಜಾಗ ಬಿಟ್ಟು ಹೊರಡಲಿಲ್ಲ. ಮೈದಾನದ ಸಿಬ್ಬಂದಿ ಬೇಲಿಯ ಬಳಿ ಕೈಚಾಚಿದವರಿಗೆ ಮಣ್ಣು ತುಂಬಿ ಕೊಟ್ಟರು. ಜನ ಅದನ್ನು ಪ್ರಸಾದದಂತೆ ಎರಡೂ ಕೈಯಲ್ಲಿ ಹಿಡಿದು ಹೊರಟರು. ತಂಡ ಈಗ ಸ್ಯಾಕ್ರಮೆಂಟೊದ ಪಕ್ಕದಲ್ಲಿ, ಕೆಳಹಂತದ ಮೈನರ್ ಲೀಗಿಗಾಗಿ ಕಟ್ಟಿದ ಸುಮಾರು 14,000 ಜನರ ಮೈದಾನದಲ್ಲಿ ಆಡುತ್ತಾ ವೇಗಸ್‌ಗಾಗಿ ಕಾಯುತ್ತಿದೆ.

ಆ ಹಿರಿಯರು ಇದನ್ನು ಕೇಳುತ್ತಿದ್ದರೆ ಒಂದು ವಿನಂತಿ. ಆ ಮಣ್ಣು ನನ್ನ ಮನೆಯಲ್ಲಿಯೂ ಇದೆ, ದೇವರ ಕೋಣೆಯ ಪಕ್ಕದ ಗೂಡಿನಲ್ಲಿ, ಒಂದು ಸಣ್ಣ ಉಪ್ಪಿನಕಾಯಿ ಭರಣಿಯಲ್ಲಿ. ಮುಂದಿನ ಭಾನುವಾರ ಊಟಕ್ಕೆ ನಮ್ಮ ಮನೆಗೇ ಬನ್ನಿ. ಮೊದಲು ಅದನ್ನು ನೋಡಿ, ಆಮೇಲೆ ಖಾಲಿ ಕುರ್ಚಿಗಳ ಮಾತು ಎತ್ತಿ.